ಮರಳು ದಿಬ್ಬದ ಕಡಿದಾದ ಬದಿಗೆ ‘ಜರಿಮೈ’ ಅನ್ನಬಹುದಾ?

ಎಲ್ಲರಿಗೂ ನಮಸ್ಕಾರ.

ಬೆಂಗಳೂರಿನ ಹೈಸ್ಕೂಲ್ ಮಕ್ಕಳಿಗಾಗಿ ಮರುಭೂಮಿಯ ಬಗ್ಗೆ ಒಂದು ಬರಹ ಸಿದ್ಧ ಮಾಡುತ್ತಿದ್ದೇನೆ. ಮರಳು ದಿಬ್ಬ ಹೇಗೆ ಹುಟ್ಟುತ್ತದೆ, ಹೇಗೆ ನಡೆಯುತ್ತದೆ ಅನ್ನುವ ಕಡೆ ಒಂದು ಪದ ಬೇಕಾಗಿದೆ. ಮರಳು ಜಾರಿ ಇಳಿಯುವ ಕಡಿದಾದ ಬದಿಗೆ ಇಂಗ್ಲಿಷಿನಲ್ಲಿ ಸ್ಲಿಪ್ ಫೇಸ್ ಅನ್ನುತ್ತಾರೆ, ಅದಕ್ಕೆ ಕನ್ನಡದ ಪದ.

ಮೊದಲು ವಿಷಯ ಹೇಳಿಬಿಡುತ್ತೇನೆ. ಗಾಳಿ ಮರಳನ್ನು ಆಕಾಶಕ್ಕೇನೂ ಎತ್ತಿಕೊಂಡು ಹೋಗುವುದಿಲ್ಲ. ಹೆಚ್ಚಿನ ಕಾಳುಗಳು ನೆಲದಿಂದ ಒಂದು ಮೀಟರ್ ಒಳಗೇ ಕುಪ್ಪಳಿಸುತ್ತಾ ಸಾಗುತ್ತವೆ. ಒಂದು ಕಾಳು ಬಿದ್ದ ಪೆಟ್ಟಿಗೆ ಇನ್ನಷ್ಟು ಚಿಮ್ಮುತ್ತವೆ. ಹೀಗೆ ಗಾಳಿಯೆದುರಿನ ಬದಿಯನ್ನು ಹತ್ತಿ ನೆತ್ತಿ ಸೇರುತ್ತವೆ. ಆ ಬದಿಯ ಇಳಿಜಾರು ಕಡಿಮೆ, ಸುಮಾರು 10ರಿಂದ 15 ಡಿಗ್ರಿ. ನೆತ್ತಿ ದಾಟಿದರೆ ಗಾಳಿಯ ಹಿಡಿತ ತಪ್ಪುತ್ತದೆ, ಮರಳು ಅಲ್ಲೇ ಬಿದ್ದು ಗುಡ್ಡೆಯಾಗುತ್ತದೆ. ಇಳಿಜಾರು 34 ಡಿಗ್ರಿಯ ಆಸುಪಾಸಿಗೆ ಬಂತೋ, ಇನ್ನು ನಿಲ್ಲಲಾರದೆ ಪದರ ಪದರವಾಗಿ ಕೆಳಗಿಳಿಯುತ್ತದೆ. ಈ ಕಡೆ ಸವೆದು, ಆ ಕಡೆ ತುಂಬಿ, ಇಡೀ ದಿಬ್ಬವೇ ಮುಂದಕ್ಕೆ ಸರಿಯುತ್ತದೆ. ಕೆಲವು ದಿಬ್ಬಗಳು ವರ್ಷಕ್ಕೆ ಹತ್ತಾರು ಮೀಟರ್ ನಡೆಯುತ್ತವೆ. ಚಿಕ್ಕವು ಬೇಗ, ದೊಡ್ಡವು ನಿಧಾನ.

ಈ ಕಡಿದಾದ ಬದಿಗೆ ಸುಮ್ನೆ ‘ಗಾಳಿಮರೆ’ ಅನ್ನಬಹುದು. ಚೆಂದದ ಮಾತೇ. ಆದರೆ ಅದು ದಿಕ್ಕನ್ನಷ್ಟೇ ಹೇಳುತ್ತದೆ. ಬಂಡೆಗೂ ಗಾಳಿಮರೆ ಇರುತ್ತದೆ, ಮನೆಗೂ ಇರುತ್ತದೆ. ದಿಬ್ಬ ಮುಂದೆ ಹೆಜ್ಜೆ ಇಡುವುದೇ ಈ ಬದಿಯಲ್ಲಿ. ಆ ಕೆಲಸ ಹೆಸರಿನಲ್ಲೇ ಕಾಣಬೇಕು ಅಂತ ನನ್ನ ಆಸೆ.

ಹಾಗಾದರೆ ಯಾವ ಕ್ರಿಯಾಪದ? ‘ಕುಸಿ’ ಅಂದರೆ ಚಾವಣಿ, ಗೋಡೆ ನೆನಪಾಗುತ್ತದೆ, ಅಲ್ಲಿಗೆ ಎಲ್ಲ ಮುಗಿದಂತೆ. ‘ಉದುರು’ ಅಂದರೆ ಬಿಡಿ ಬಿಡಿಯಾಗಿ ಬೀಳುವುದು. ‘ಜಾರು’ ಹತ್ತಿರ ಬರುತ್ತದೆ, ಆದರೆ ‘ಜಾರುಮೈ’ ಅಂದರೆ ಮೈ ನುಣುಪಾಗಿದೆ ಅಂತಲೂ ಆಗುತ್ತದೆ. ನನಗೆ ಒಪ್ಪಿದ್ದು ‘ಜರಿ’. ನಮ್ಮ ರಸ್ತೆಯಲ್ಲಿ ಮನೆ ಕಟ್ಟುವ ಕಡೆ ಎಂ-ಸ್ಯಾಂಡ್ ರಾಶಿ ಹಾಕಿದ್ದಾರೆ. ಬುಡದಿಂದ ಒಂದು ಬಾಂಡ್ಲಿ ತುಂಬಿಕೊಂಡರೆ ಸಾಕು, ಮೇಲಿನದು ಸರ್ರನೆ ಇಳಿದು ಆ ಗುಂಡಿ ಮುಚ್ಚುತ್ತದೆ. ರಾಶಿ ಮತ್ತೆ ಮೊದಲಿನಷ್ಟೇ ಓರೆಯಾಗಿ ನಿಲ್ಲುತ್ತದೆ. ಅಲ್ಲಿ ಕೆಲಸ ಮಾಡುವ ಹೆಂಗಸು ಪಕ್ಕದವಳಿಗೆ ಹೇಳಿದ್ದು: ‘ಮೇಲಿಂದ ಜರೀತೈತೆ ಕಣಕ್ಕಾ, ಈ ಕಡೆ ಬಾ.’ ಮಲೆನಾಡಿನಲ್ಲೂ ಮಳೆಗಾಲದಲ್ಲಿ ‘ಧರೆ ಜರಿಯಿತು’ ಅನ್ನುತ್ತಾರಲ್ವಾ? ಅದೇ ಮಾತು.

ತೊಂದರೆಯೂ ಇದೆ. ಸೀರೆಗೆ ಜರಿ ಇದೆ, ಜರಿ ಅನ್ನುವ ಹುಳು ಇದೆ, ಬೈಯುವುದಕ್ಕೂ ಜರಿ ಅನ್ನುತ್ತೇವೆ. ‘ಜರಿಮೈ’ ಓದಿದ ಮಗುವಿಗೆ ಮೊದಲು ಯಾವುದು ಹೊಳೆಯುತ್ತದೆ? ಮೇಷ್ಟ್ರುಗಳು ಯಾರಾದರೂ ಇದ್ದರೆ ದಯವಿಟ್ಟು ಹೇಳಿ.

ಜೊತೆಗೆ ಇನ್ನೊಂದು ಪ್ರಶ್ನೆ. ಬಾರ್ಖಾನ್ ದಿಬ್ಬಕ್ಕೆ ‘ಅರ್ಧಚಂದ್ರಾಕಾರದ ದಿಬ್ಬ’ ಅನ್ನುವುದು ಸಾಲದು ಅನ್ನಿಸುತ್ತದೆ. ಗಟ್ಟಿ ನೆಲ, ಕಡಿಮೆ ಮರಳು, ಒಂದೇ ದಿಕ್ಕಿನ ಗಾಳಿ ಇದ್ದಾಗ ಅದು ಹುಟ್ಟುತ್ತದೆ. ಅಂಚುಗಳಲ್ಲಿ ಮರಳು ಕಡಿಮೆ, ಹಾಗಾಗಿ ಅವು ಬೇಗ ಓಡಿ ಗಾಳಿ ಹೋಗುವ ಕಡೆಗೆ ಎರಡು ಕೊಂಬಿನಂತೆ ಚಾಚುತ್ತವೆ. ಥಾರ್‌ನಲ್ಲಿ ಜಾಸ್ತಿ ಕಾಣುವ ಪ್ಯಾರಾಬೋಲಿಕ್ ದಿಬ್ಬ ನೋಡಲು ಹಾಗೇ ಬಾಗಿದೆ, ಆದರೆ ತಿರುವುಮುರುವು. ಅಲ್ಲಿ ಗಿಡಗಂಟಿ ಅಂಚುಗಳನ್ನು ಹಿಡಿದಿಡುತ್ತವೆ, ನಡುಭಾಗ ಮುಂದೆ ಹೋಗುತ್ತದೆ, ಅಂಚುಗಳು ಗಾಳಿ ಬರುವ ಕಡೆಗೇ ಉಳಿಯುತ್ತವೆ. ಎರಡೂ ಅರ್ಧಚಂದ್ರವೇ ಆದರೆ ಮಕ್ಕಳು ಬೇರೆ ಮಾಡುವುದು ಹೇಗೆ? ‘ಮುಂಗೊಂಬಿನ ದಿಬ್ಬ’, ‘ಹಿಂಗೊಂಬಿನ ದಿಬ್ಬ’ ಅಂದರೆ ಹೇಗಿರುತ್ತದೆ?

ಕಾವೇರಿಯ ಮರಳು ಗಾಳಿಗೆ ಹಾರಿ ಗುಡಿಗಳನ್ನೇ ಮುಚ್ಚಿದ ತಲಕಾಡಿನ ಕಡೆಯವರು, ಮರಳಿಗೆ ಉಸುಕು ಅನ್ನುವ ಉತ್ತರ ಕರ್ನಾಟಕದವರು, ಹೊಯಿಗೆ ಅನ್ನುವ ಕರಾವಳಿಯವರು ಇಲ್ಲಿದ್ದೀರಿ. ರಾಶಿ ಹೀಗೆ ಇಳಿಯುವುದಕ್ಕೆ ನಿಮ್ಮಲ್ಲಿ ಏನನ್ನುತ್ತಾರೆ? ಮನೆಯ ಹಿರಿಯರನ್ನು ಕೇಳಿ, ಅವರು ಹೇಳಿದ ಹಾಗೇ ಬರೆದು ಕಳಿಸಿ.