‘ಮಧ್ಯಂತರ ಆದೇಶ’ ಅಂದರೆ ಯಾವುದು? ಕುಟುಂಬ ನ್ಯಾಯಾಲಯದ ಮೇಲ್ಮನವಿಗೆ ಸಂಬಂಧಿಸಿ

ಗೆಳೆಯರೇ, ಕುಟುಂಬ ನ್ಯಾಯಾಲಯಕ್ಕೆ ಹೋಗುವ ಕಕ್ಷಿದಾರರಿಗಾಗಿ ಒಂದು ಸಣ್ಣ ಕೈಪಿಡಿ ಬರೆಯುತ್ತಿದ್ದೇನೆ. ಒಂದು ಪದದ ಹತ್ತಿರ ಕೆಲಸ ನಿಂತಿದೆ.

1984ರ ಕುಟುಂಬ ನ್ಯಾಯಾಲಯಗಳ ಕಾಯ್ದೆಯ 19ನೇ ಕಲಂ ಪ್ರಕಾರ ತೀರ್ಪು ಅಥವಾ ಆದೇಶ ಬಂದ 30 ದಿನದೊಳಗೆ ಹೈಕೋರ್ಟಿಗೆ ಮೇಲ್ಮನವಿ ಹಾಕಬಹುದು. ಆದರೆ ಇಂಟರ್‌ಲಾಕ್ಯುಟರಿ ಆದೇಶದ, ಅಂದರೆ ಕೇಸಿನ ನಡುವೆ ಅದನ್ನು ನಡೆಸಿಕೊಂಡು ಹೋಗಲು ಕೊಡುವ ಆದೇಶದ ಮೇಲೆ ಹಾಕುವಂತಿಲ್ಲ. ಇದಕ್ಕೆ ಕನ್ನಡದಲ್ಲಿ ‘ಮಧ್ಯಂತರ ಆದೇಶ’ ಅಂತ ಬರೆಯುತ್ತೇವೆ. ಇಂಟರಿಮ್ ಆದೇಶಕ್ಕೂ ಅದೇ ಪದ!

ಓದುವವರಿಗೆ ಮಧ್ಯಂತರ ಅಂದ ಕೂಡಲೇ ನೆನಪಾಗುವುದು ಮಧ್ಯಂತರ ಜೀವನಾಂಶ, ಅಂದರೆ ಕೇಸು ಮುಗಿಯುವವರೆಗೆ ಸಿಗುವ ಪರಿಹಾರ. ಆದರೆ ಸಾಕ್ಷಿಯನ್ನು ಮತ್ತೆ ಪಾಟಿಸವಾಲಿಗೆ ಕರೆಸುವುದು, ಆಕ್ಷೇಪಣೆ ಸಲ್ಲಿಸಲು ಇನ್ನಷ್ಟು ಸಮಯ ಕೊಡುವುದು, ದಾಖಲೆ ತರಿಸುವುದು, ಇವೆಲ್ಲ ಕೇಸು ನಡೆಸಿಕೊಂಡು ಹೋಗುವ ಆದೇಶಗಳು, ಯಾರಿಗೂ ಹಣವನ್ನೋ ಮಗುವಿನ ಸುಪರ್ದಿಯನ್ನೋ ಕೊಡುವುದಿಲ್ಲ. ಇವೆರಡನ್ನೂ ಒಂದೇ ಹೆಸರಲ್ಲಿ ಕರೆದರೆ ಓದುಗರು ದಾರಿ ತಪ್ಪುತ್ತಾರೆ. ಮಧ್ಯಂತರ ಜೀವನಾಂಶದ ಆದೇಶದ ಮೇಲೆ 19ನೇ ಕಲಂನಡಿ ಮೇಲ್ಮನವಿ ಹೋಗಬಹುದೇ ಅನ್ನುವುದರಲ್ಲಿ ಬೇರೆ ಬೇರೆ ಹೈಕೋರ್ಟುಗಳು ಒಂದೇ ಮಾತು ಹೇಳಿಲ್ಲ. ನಮ್ಮ ಪದ ಮಾತ್ರ ಆ ಪ್ರಶ್ನೆಗೆ ಮೊದಲೇ ‘ಇಲ್ಲ’ ಅಂತ ಉತ್ತರ ಕೊಟ್ಟುಬಿಡುತ್ತದೆ, ಇದು ಸರಿಯಲ್ಲ ಅಲ್ವಾ? ಅಂತಿಮ ಆದೇಶಕ್ಕೆ ಮುಂಚೆ ಬಂದದ್ದೆಲ್ಲ ಇಂಟರ್‌ಲಾಕ್ಯುಟರಿ ಅಲ್ಲ, ನಡುವೆ ಇನ್ನೊಂದು ಬಗೆಯೂ ಇದೆ ಎಂದು ಸುಪ್ರೀಂ ಕೋರ್ಟ್ 1977ರಲ್ಲೇ ಮಧು ಲಿಮಯೆ ಪ್ರಕರಣದಲ್ಲಿ ಹೇಳಿದೆ. ಅದು ಕ್ರಿಮಿನಲ್ ಕಾನೂನಿನ ರಿವಿಷನ್ (ಕೆಳಗಿನ ಕೋರ್ಟಿನ ಆದೇಶವನ್ನು ಮೇಲಿನ ಕೋರ್ಟು ಪರಿಶೀಲಿಸುವುದು) ಬಗ್ಗೆ ಬಂದ ತೀರ್ಪು, ಆದರೂ ಪದದ ಅರ್ಥಕ್ಕೆ ಅದು ಮುಖ್ಯ.

ಇನ್ನೊಂದು ವಿಷಯ. ‘ಮೇಲ್ಮನವಿ ಇಲ್ಲ’ ಅಂತ ಬರೆದರೆ ಜನ ‘ದಾರಿಯೇ ಇಲ್ಲ’ ಅಂತ ಓದುತ್ತಾರೆ. ಸಂವಿಧಾನದ 227ನೇ ವಿಧಿಯಡಿ ಹೈಕೋರ್ಟಿಗೆ ಅರ್ಜಿ ಹಾಕಬಹುದು. ಅಲ್ಲಿ ನೋಡುವುದು ಕೆಳಗಿನ ಕೋರ್ಟು ತನ್ನ ಅಧಿಕಾರ ಮೀರಿತೇ, ಇದ್ದ ಅಧಿಕಾರ ಬಳಸದೇ ಬಿಟ್ಟಿತೇ ಅನ್ನುವುದನ್ನು, ಸಾಕ್ಷ್ಯವನ್ನು ಮತ್ತೆ ತೂಗುವುದಿಲ್ಲ. ಅದೂ ಬೇಡವಾದರೆ ಕೊನೆಯ ತೀರ್ಪಿನ ಮೇಲ್ಮನವಿಯಲ್ಲಿ, ಆ ಆದೇಶದ ತಪ್ಪು ತೀರ್ಪಿನ ಮೇಲೆ ಪರಿಣಾಮ ಬೀರಿದೆ ಅಂತ ಎತ್ತಲು ಸಿವಿಲ್ ಪ್ರಕ್ರಿಯಾ ಸಂಹಿತೆಯ 105ನೇ ಕಲಂ ಇದೆ. ಹಾಗಾಗಿ ‘ಪ್ರತ್ಯೇಕ ಮೇಲ್ಮನವಿ ಇಲ್ಲ’ ಅಂತ ಬರೆಯುವುದೇ ವಾಸಿ ಅನ್ನಿಸುತ್ತದೆ.

ಈಗ ಪದ. ‘ನಡುವಣ ಆದೇಶ’ ಚೆನ್ನಾಗಿ ಕೇಳಿಸುತ್ತದೆ, ಆದರೆ ಅದು ಯಾವಾಗ ಬಂತು ಅನ್ನುವುದನ್ನಷ್ಟೇ ಹೇಳುತ್ತದೆ. ವಕೀಲರು ಮಾತಲ್ಲಿ ‘ಐಎ (ಕೇಸಿನ ನಡುವೆ ಹಾಕುವ ಇಂಟರ್‌ಲಾಕ್ಯುಟರಿ ಅರ್ಜಿ) ಮೇಲಿನ ಆರ್ಡರ್’ ಅನ್ನುತ್ತಾರೆ, ಆದರೆ ಐಎ ಮೇಲೆಯೇ ಮೂಲ ಅರ್ಜಿ ತಿರಸ್ಕೃತವಾದರೆ ಕೇಸೇ ಮುಗಿಯಿತು, ಅದು ಮಧ್ಯದ್ದಲ್ಲ. ‘ವಿಚಾರಣಾ ಕ್ರಮದ ಆದೇಶ’ ನನಗೆ ಹೆಚ್ಚು ಒಪ್ಪಿಗೆ. ಅರ್ಥ ಸ್ವಲ್ಪ ಕಿರಿದಾಗುತ್ತದೆ, ನಿಜ.

ಕನ್ನಡದಲ್ಲಿ ಬರೆದ ತೀರ್ಪುಗಳಲ್ಲಿ ಇಂಟರ್‌ಲಾಕ್ಯುಟರಿ, ಇಂಟರಿಮ್ ಈ ಎರಡಕ್ಕೂ ಬೇರೆ ಬೇರೆ ಪದ ಬಳಸಿದ್ದನ್ನು ಯಾರಾದರೂ ನೋಡಿದ್ದೀರಾ? ವಾಕ್ಯ ಸಮೇತ ಕಳಿಸಿದರೆ ತುಂಬಾ ಉಪಕಾರ.