ಇಂಡಕ್ಟರ್ ಎಷ್ಟು ಆಂಪ್‌ವರೆಗೆ ತಡೆಯುತ್ತದೆ? ಅಳೆದು ನೋಡಿದವರು ಹೇಳಿ

ಮೂಡಿಗೆರೆ ಕಡೆಯಿಂದ ಪ್ರಶ್ನೆ

ತೋಟದ ಲೈನ್ ಮನೆಗಳಿಗೆ ಲೈಟು, ಗೇಟಿನ ಹತ್ತಿರ ಒಂದು ಕ್ಯಾಮೆರಾ, ಒಂದು ರೂಟರ್. ಇಷ್ಟಕ್ಕೆ 12 ವೋಲ್ಟ್, 5 ಆಂಪ್ ಬೇಕು. ಮಳೆಗಾಲದಲ್ಲಿ ಲೈನ್ ಮೇಲೆ ಮರ ಬಿದ್ದರೆ ಕರೆಂಟ್ ಯಾವಾಗ ಬರುತ್ತದೋ ಹೇಳೋಕಾಗಲ್ಲ. ಅದಕ್ಕೇ ಎರಡು ಬ್ಯಾಟರಿ ಸೀರೀಸ್ ಹಾಕಿ 24 ವೋಲ್ಟ್ ಮಾಡಿದ್ದೇನೆ, ಸೋಲಾರ್‌ನಿಂದ ಚಾರ್ಜ್. ಟಿಎಲ್494 ಐಸಿ ಇಟ್ಟು, 24 ವೋಲ್ಟನ್ನು 12ಕ್ಕೆ ಇಳಿಸುವ 50 ಕಿಲೋಹರ್ಟ್ಸ್‌ನ ಬಕ್ ಕನ್ವರ್ಟರ್ ನಾನೇ ಕಟ್ಟಿದೆ. ಇಂಡಕ್ಟರ್‌ಗೆ, ಅಂದರೆ ಅದರೊಳಗಿನ ಕಾಯಿಲ್‌ಗೆ, ಕೋರ್ ಆಗಿ ಹಳೇ ಬೋರ್ಡ್‌ನಿಂದ ಬಿಚ್ಚಿದ ಹಸಿರು ರಿಂಗ್: ಹೊರವ್ಯಾಸ 25 ಮಿಮೀ, ಒಳಗೆ 15, ಎತ್ತರ 10. ದಪ್ಪ ತಂತಿ 4 ಸುತ್ತು. ಕಾಯಿಲ್‌ನ ಹೆನ್ರಿ ಅಳೆಯುವ ಎಲ್‌ಸಿಆರ್ ಮೀಟರ್ 84 ಮೈಕ್ರೋಹೆನ್ರಿ ತೋರಿಸುತ್ತದೆ. ಲೆಕ್ಕದ ಪ್ರಕಾರ 68 ಇದ್ದರೆ ಸಾಕಿತ್ತು.

ಒಂದೇ ಒಂದು ಎಲ್‌ಇಡಿ ಹಾಕಿದರೆ ಎಲ್ಲ ಸರಿ. ಲೋಡ್ ಏರಿಸಿದ ಕೂಡಲೇ ಸ್ವಿಚ್ ಕೆಲಸ ಮಾಡುವ ಮಾಸ್‌ಫೆಟ್ ಮುಟ್ಟೋಕಾಗದಷ್ಟು ಬಿಸಿ, ಜೊತೆಗೆ ಕಿರ್ ಅಂತ ಸದ್ದು. ಕೋರ್ ಸ್ಯಾಚುರೇಟ್ ಆಗ್ತಿದೆ, ಅಂದರೆ ಇನ್ನು ಕಾಂತ ಹಿಡಿಸದಷ್ಟು ತುಂಬಿಹೋಗ್ತಿದೆ ಅಂದರು ಒಬ್ಬರು. ರಿಂಗ್ ಮೇಲೆ ಏನೂ ಬರೆದಿಲ್ಲ. ಅದು ಎಷ್ಟು ಆಂಪ್‌ಗೆ ಸ್ಯಾಚುರೇಟ್ ಆಗುತ್ತದೆ ಅಂತ ಮನೆಯಲ್ಲೇ ಅಳೆಯಬಹುದಾ? ತಂತಿ ಇನ್ನೂ ದಪ್ಪ ಹಾಕಿದರೆ ಸರಿಹೋಗುತ್ತದಾ?

ಹಾಸನದಿಂದ, ಪವರ್ ಸಪ್ಲೈ ರಿಪೇರಿ ಮಾಡುವವರು

ತಂತಿಯಿಂದ ಮೊದಲು ಶುರು ಮಾಡೋಣ. ತಂತಿ ದಪ್ಪ ಆದರೆ ತಂತಿ ಬಿಸಿಯಾಗೋದು ಕಮ್ಮಿ ಆಗುತ್ತದೆ, ಅಷ್ಟೇ. ಕೋರ್‌ಗೆ ತಂತಿಯ ದಪ್ಪ ಗೊತ್ತಾಗಲ್ಲ, ಅದಕ್ಕೆ ಲೆಕ್ಕ ಇರೋದು ಸುತ್ತು ಎಷ್ಟು, ಆಂಪ್ ಎಷ್ಟು ಅಂತ. ಡೇಟಾಶೀಟ್‌ನಲ್ಲೂ ಇದಕ್ಕೇ ಎರಡು ಆಂಪ್ ಬೇರೆ ಬೇರೆ ಕೊಟ್ಟಿರುತ್ತಾರೆ. ಒಂದು ಬಿಸಿಯ ಮಿತಿ, ಸಾಮಾನ್ಯವಾಗಿ 40 ಡಿಗ್ರಿ ಏರಿಕೆಗೆ. ಇನ್ನೊಂದು ಸ್ಯಾಚುರೇಶನ್ ಮಿತಿ. ಎರಡರಲ್ಲಿ ಯಾವುದು ಕಮ್ಮಿಯೋ ಅದೇ ನಿಮ್ಮ ಮಿತಿ.

ಎಲ್‌ಸಿಆರ್ ಮೀಟರ್ ಕೆಲವೇ ಮಿಲಿಆಂಪ್ ಹರಿಸಿ ಅಳೆಯುತ್ತದೆ. 5 ಆಂಪ್ ಹರಿಯುವಾಗ ಅದೇ ಕಾಯಿಲ್ ಎಷ್ಟು ಹೆನ್ರಿ ಉಳಿದಿದೆ ಅಂತ ಅದಕ್ಕೆ ಗೊತ್ತಾಗೋದು ಹೇಗೆ? ಕೋರ್ ತುಂಬಿದ ಮೇಲೆ ಹೆನ್ರಿ ಕುಸಿಯುತ್ತದೆ, ಕಾಯಿಲ್ ಹೆಚ್ಚುಕಮ್ಮಿ ಸುಮ್ನೆ ತಂತಿ ಆಗಿಬಿಡುತ್ತದೆ. ಆಮೇಲೆ ಮಾಸ್‌ಫೆಟ್ ಆನ್ ಇರುವಷ್ಟು ಹೊತ್ತೂ ಕರೆಂಟ್ ತಡೆಯೋರೇ ಇಲ್ಲ. ನಿಮ್ಮ ಬಿಸಿ ಅಲ್ಲಿಂದ ಬಂದದ್ದು.

ನೀವು ಅಳತೆ ಕೊಟ್ಟಿದ್ದು ಒಳ್ಳೇದಾಯ್ತು. 4 ಸುತ್ತಿಗೇ 84 ಬರುತ್ತದೆ ಅಂದರೆ ಅದು ತುಂಬಾ ಜಾಸ್ತಿ ಪರ್ಮಿಯಬಿಲಿಟಿಯ (ಕಾಂತವನ್ನು ಸುಲಭವಾಗಿ ಹರಿಯಬಿಡುವ ಗುಣ) ಫೆರೈಟ್, 5000 ಆಸುಪಾಸು. ಕರೆಂಟ್ ಬರುವ ಜಾಗದಲ್ಲಿ ನಾಯ್ಸ್ ಫಿಲ್ಟರ್‌ಗೆ ಹಾಕುವಂಥದ್ದು. ಅಲ್ಲಿ ಹೋಗುವ, ಬರುವ ಎರಡು ತಂತಿಯೂ ಒಂದೇ ರಿಂಗ್ ಮೇಲಿರುವುದರಿಂದ ಒಂದರ ಕಾಂತ ಇನ್ನೊಂದನ್ನು ಕಳೆಯುತ್ತದೆ. ಎಷ್ಟು ಆಂಪ್ ಹರಿದರೂ ಕೋರ್ ತುಂಬಲ್ಲ. ಬಕ್‌ನಲ್ಲಿ ಆ ಸೌಕರ್ಯ ಇಲ್ಲ.

ಲೆಕ್ಕ ಸುಲಭ. ಕೋರ್ ತುಂಬುವ ಮಟ್ಟದ ಟೆಸ್ಲಾ (ಕಾಂತದ ಸಾಂದ್ರತೆ) ಗುಣಿಸು ಸುತ್ತು ಗುಣಿಸು ಕೋರ್‌ನ ಅಡ್ಡ ವಿಸ್ತೀರ್ಣ, ಅದನ್ನು ಹೆನ್ರಿಯಿಂದ ಭಾಗಿಸಿ. ನಿಮ್ಮ ರಿಂಗ್‌ನ ವಿಸ್ತೀರ್ಣ 50 ಚದರ ಮಿಮೀ. ಫೆರೈಟ್‌ಗೆ 0.35 ಟೆಸ್ಲಾ ಹಿಡಿಯಿರಿ. ಬರೋದು ಸುಮಾರು 0.83 ಆಂಪ್. ನಿಮಗೆ ಬೇಕಾದ್ದು 5, ಅದರ ಮೇಲೆ ರಿಪಲ್, ಅಂದರೆ ಕರೆಂಟ್‌ನ ಏರಿಳಿತ ಬೇರೆ. 68 ಮೈಕ್ರೋಹೆನ್ರಿಗೆ ರಿಪಲ್ 1.8 ಆಂಪ್ ಹತ್ತಿರ, ಅದರ ಅರ್ಧ ಸೇರಿದರೆ ಪೀಕ್ 5.9. ಹಗಲಲ್ಲಿ ಚಾರ್ಜ್ ಆಗುವಾಗ ಬ್ಯಾಟರಿ 28 ವೋಲ್ಟ್‌ಗೆ ಹೋಗುತ್ತದೆ ಅಲ್ವಾ, ಆಗ ಪೀಕ್ 6.

ಇನ್ನೂ ಎರಡು ಸುತ್ತು ಹಾಕೋಣ ಅಂತ ಮಾತ್ರ ಹೋಗಬೇಡಿ. ಸುತ್ತು ಏರಿದರೆ ಹೆನ್ರಿ ಅದರ ವರ್ಗದಷ್ಟು ಏರುತ್ತದೆ, ಸ್ಯಾಚುರೇಶನ್ ಕರೆಂಟ್ ಇನ್ನೂ ಇಳಿಯುತ್ತದೆ.

ಚಿಕ್ಕಮಗಳೂರಿನಿಂದ, ಕಾಲೇಜು ಲ್ಯಾಬ್‌ನಲ್ಲಿರುವವರು

ಹಾಸನದವರ ಲೆಕ್ಕ ಸರಿ. ಆದರೆ ಗುಜರಿ ಕೋರ್‌ಗೆ ಟೆಸ್ಲಾ ಎಷ್ಟು ಅಂತ ಊಹೆ ಮಾಡಬೇಕಲ್ಲ, ಅದಕ್ಕೇ ಅಳೆಯಬೇಕು. ನಮ್ಮಲ್ಲಿ ಹುಡುಗರಿಗೆ ಮಾಡಿಸೋದು ಪಲ್ಸ್ ಟೆಸ್ಟ್. ದುಬಾರಿ ಏನೂ ಇಲ್ಲ, ವೋಲ್ಟೇಜ್‌ನ ಗೆರೆ ತೋರಿಸುವ ಸ್ಕೋಪ್ ಒಂದು ಬೇಕು.

12 ವೋಲ್ಟ್ ಬ್ಯಾಟರಿ, ಪಕ್ಕದಲ್ಲೇ 2200 ಮೈಕ್ರೋಫ್ಯಾರಡ್‌ನ ಒಂದೆರಡು ಕೆಪಾಸಿಟರ್. ಪ್ಲಸ್‌ನಿಂದ ಕಾಯಿಲ್, ಕಾಯಿಲ್‌ನಿಂದ ಮಾಸ್‌ಫೆಟ್‌ನ ಡ್ರೈನ್, ಸೋರ್ಸ್‌ನಿಂದ ಗ್ರೌಂಡ್‌ಗೆ 0.1 ಓಮ್. ಕಾಯಿಲ್‌ಗೆ ಅಡ್ಡಲಾಗಿ ಒಂದು ಫಾಸ್ಟ್ ಡಯೋಡ್, ಕ್ಯಾಥೋಡ್ ಪ್ಲಸ್ ಕಡೆಗೆ. ಡಯೋಡ್ ಮರೆತರೆ ಮಾಸ್‌ಫೆಟ್ ಹೋಗಬಹುದು. ಐಆರ್‌ಎಫ್‌ಝಡ್44 ಸಾಕು, 555 ಐಸಿಯನ್ನು 12 ವೋಲ್ಟ್‌ನಲ್ಲೇ ನಡೆಸಿ ಗೇಟ್‌ಗೆ ಪಲ್ಸ್ ಕೊಡಿ. ಆರ್ಡುಯಿನೋದ 5 ವೋಲ್ಟ್‌ನಿಂದ ನೇರವಾಗಿ ಕೊಡೋದಾದರೆ ಐಆರ್‌ಎಲ್‌ಝಡ್44 ಹಾಕಿ.

ಆ 0.1 ಓಮ್‌ಗೆ ಅಂಗಡಿಯವರು ಬಿಳಿ ಸಿಮೆಂಟ್ ರೆಸಿಸ್ಟರ್ ಕೊಡುತ್ತಾರೆ. ಬೇಡ. ಅದರ ಒಳಗೂ ಸುತ್ತಿದ ತಂತಿಯೇ ಇರುತ್ತದೆ, ಅದೂ ಸಣ್ಣ ಇಂಡಕ್ಟರ್. ಗೆರೆಯ ಶುರುವಿನಲ್ಲೇ ಇಲ್ಲದ ಮೆಟ್ಟಿಲು ಕಾಣುತ್ತದೆ. 1 ಓಮ್‌ನ ಮೆಟಲ್ ಫಿಲ್ಮ್ 10 ತಗೊಂಡು ಪ್ಯಾರಲಲ್ ಬೆಸುಗೆ ಹಾಕಿ.

ಪಲ್ಸ್ ಸೆಕೆಂಡಿಗೆ 20ರಿಂದ 50 ಸಲ ಸಾಕು, ಕಾಯಿಲ್ ಬಿಸಿಯಾಗಲ್ಲ. ಉದ್ದವನ್ನು 3 ಮೈಕ್ರೋಸೆಕೆಂಡ್‌ನಿಂದ ಶುರು ಮಾಡಿ ನಿಧಾನಕ್ಕೆ ಏರಿಸಿ. ರೆಸಿಸ್ಟರ್ ಮೇಲೆ ಪ್ರೋಬ್. 100 ಮಿಲಿವೋಲ್ಟ್ ಕಂಡರೆ 1 ಆಂಪ್. ಸ್ಕ್ರೀನ್ ಮೇಲೆ ಓರೆ ಗೆರೆ ಏರುತ್ತಾ ಹೋಗುತ್ತದೆ. 12 ವೋಲ್ಟ್‌ಗೆ 68 ಮೈಕ್ರೋಹೆನ್ರಿ ಆದರೆ ಮೈಕ್ರೋಸೆಕೆಂಡಿಗೆ 0.18 ಆಂಪ್ ಏರಬೇಕು, 6 ಆಂಪ್ ಮುಟ್ಟೋಕೆ 34 ಮೈಕ್ರೋಸೆಕೆಂಡ್. ಗೆರೆ ನೇರ ಇದ್ದು ಒಂದು ಕಡೆ ತಟ್ಟನೆ ಮೇಲಕ್ಕೆ ತಿರುಗಿದರೆ ಅಲ್ಲೇ ಕೋರ್ ತುಂಬಿದ್ದು. ಓರೆ ಎರಡರಷ್ಟಾದರೆ ಹೆನ್ರಿ ಅರ್ಧ ಆಯಿತು ಅಂತ ಲೆಕ್ಕ. ತಿರುವು ಕಂಡ ಮೇಲೆ ಪಲ್ಸ್ ಮತ್ತೆ ಏರಿಸೋಕೆ ಹೋಗಬೇಡಿ, ಒಂದೆರಡು ಮೈಕ್ರೋಸೆಕೆಂಡ್‌ನಲ್ಲಿ ಹತ್ತಾರು ಆಂಪ್ ಆಗಿಬಿಡುತ್ತದೆ.

ಇನ್ನೊಂದು ವಿಷಯ ಯಾರೂ ಹೇಳಲ್ಲ. ಗೆರೆ ಕೆಳಕ್ಕೆ ಬಾಗುತ್ತಾ ಹೋದರೆ ಅದು ಕೋರ್‌ನ ಗುಣ ಅಲ್ಲ. ಎಲ್ಲೋ ರೆಸಿಸ್ಟೆನ್ಸ್ ಜಾಸ್ತಿ ಇದೆ, ಇಲ್ಲಾ ಮಾಸ್‌ಫೆಟ್ ಪೂರ್ತಿ ಆನ್ ಆಗಿಲ್ಲ, ಇಲ್ಲಾ ಕೆಪಾಸಿಟರ್ ಕುಸಿಯುತ್ತಿದೆ. ಅದನ್ನು ಸರಿ ಮಾಡದೆ ಓದಿದರೆ ಮೇಲಿನ ಬಾಗು, ಕೆಳಗಿನ ಬಾಗು ಎರಡೂ ಸೇರಿ ಗೆರೆ ನೇರವಾಗಿ ಕಾಣುತ್ತದೆ. ಭೇಷ್ ಕೋರ್ ಅಂದುಕೊಂಡು ಮೋಸ ಹೋಗ್ತೀರಿ.

ಸಕಲೇಶಪುರದಿಂದ

ನನ್ನ ಹತ್ತಿರ ದೊಡ್ಡ ಸ್ಕೋಪ್ ಇಲ್ಲ, ಡಿಎಸ್‌ಒ138 ಕಿಟ್ ಮಾತ್ರ. ಅದು ಮೈಕ್ರೋಸೆಕೆಂಡಿಗೆ ಒಂದೇ ಚುಕ್ಕಿ ಹಿಡಿಯುತ್ತದೆ. ಅದಕ್ಕೊಂದು ಉಪಾಯ ಇದೆ. 12 ವೋಲ್ಟ್ ಬದಲು 3.7 ವೋಲ್ಟ್‌ನ ಒಂದು ಲಿಥಿಯಂ ಸೆಲ್‌ನಿಂದ ಪಲ್ಸ್ ಕೊಡಿ, ಗೇಟ್‌ಗೆ ಮಾತ್ರ 12 ಬೇರೆ ಇರಲಿ. ಗೆರೆ ಮೂರು ಪಟ್ಟು ನಿಧಾನ ಆಗುತ್ತದೆ. ಹಸಿರು ರಿಂಗ್‌ನ 6 ಮೈಕ್ರೋಸೆಕೆಂಡ್ ಇದ್ದದ್ದು 19 ಆಗುತ್ತದೆ, ತಿರುವು ಕಾಣೋಕೆ ಧಾರಾಳ ಸಾಕು. ಆದರೆ ಮೇಲಿನವರು ಹೇಳಿದ ಕೆಳಬಾಗು ಇಲ್ಲಿ ಬೇಗ ಬರುತ್ತದೆ. ಜಾಸ್ತಿ ಆಂಪ್‌ಗೆ ಈ ಉಪಾಯ ನಡೆಯಲ್ಲ.

ಬೇಲೂರಿನಿಂದ, ರೀವೈಂಡಿಂಗ್ ಅಂಗಡಿಯವರು

ನಮ್ಮದು ಪಂಪ್‌ಸೆಟ್ ಮೋಟರ್ ಕೆಲಸ. ಫೆಬ್ರವರಿ, ಮಾರ್ಚ್‌ನಲ್ಲಿ ಕಾಫಿ ಹೂವಿಗೆ ಸ್ಪ್ರಿಂಕ್ಲರ್ ಶುರುವಾದರೆ ಉಸಿರಾಡೋಕೂ ಪುರುಸೊತ್ತಿಲ್ಲ. ಮಿಕ್ಕ ದಿನ ಇಂಥದ್ದೂ ಸುತ್ತಿಕೊಡುತ್ತೇನೆ. ರಿಂಗ್ ಬಿಡಿ ಮಾರಾಯ್ರೆ, ಇ ಕೋರ್‌ಗೆ ಬನ್ನಿ. ಇಇ25 ಫೆರೈಟ್, ಮಧ್ಯದ ಕಾಲು 52 ಚದರ ಮಿಮೀ. 6 ಆಂಪ್, 68 ಮೈಕ್ರೋಹೆನ್ರಿಗೆ 0.3 ಟೆಸ್ಲಾ ಇಟ್ಟುಕೊಂಡರೆ 26 ಸುತ್ತು ಬರುತ್ತದೆ. 18 ಗೇಜ್ ಎನಾಮಲ್ ತಂತಿ, ಬಿಗಿಯಾಗಿ ಸುತ್ತಿದರೆ ಹಿಡಿಸುತ್ತದೆ.

ಎರಡು ಇ ತುಂಡು ಸೇರುವ ಕಡೆ ಗ್ಯಾಪ್ ಒಟ್ಟು 0.65 ಮಿಮೀ ಬೇಕು. ಮಧ್ಯದ ಕಾಲನ್ನು ಅರೆಯೋಕೆ ಹೋದರೆ ಒಡೆಯುತ್ತದೆ, ಕಾಗದ ಇಡಿ. ಮೂರೂ ಕಾಲಿಗೆ ಕಾಗದ ಬಂದರೆ ಕಾಂತ ಎರಡು ಸಲ ಗ್ಯಾಪ್ ದಾಟುತ್ತದೆ, ಹಾಗಾಗಿ ಕಾಗದದ ದಪ್ಪ ಅದರ ಅರ್ಧ ಸಾಕು. ಮಾಮೂಲಿ ಜೆರಾಕ್ಸ್ ಹಾಳೆ ಸುಮಾರು 0.1 ಮಿಮೀ. ಮೂರು ಹಾಳೆ ಇಟ್ಟು, ಟೇಪ್ ಬಿಗಿದು, ಎಲ್‌ಸಿಆರ್ ಮೀಟರ್‌ನಲ್ಲಿ 68 ಹತ್ತಿರ ಬರುತ್ತದಾ ನೋಡಿ. ಜಾಸ್ತಿ ತೋರಿಸಿದರೆ ಇನ್ನೊಂದು ತುಂಡು ಸೇರಿಸಿ.

ಮೂಡಿಗೆರೆಯವರು ಮತ್ತೆ

ಎಲ್ಲರಿಗೂ ನಮಸ್ಕಾರ. ಪಲ್ಸ್ ಟೆಸ್ಟ್ ಕಟ್ಟಿದೆ. ಹಸಿರು ರಿಂಗ್‌ನ ಗೆರೆ 0.9 ಆಂಪ್ ಮುಟ್ಟುವ ಮೊದಲೇ ಗೋಡೆ ಹತ್ತಿದ ಹಾಗೆ ಮೇಲಕ್ಕೆ ಹೋಯಿತು. ಲೆಕ್ಕ ಹಾಕಿದವರಿಗೆ ಒಂದು ಕಾಫಿ ಬಾಕಿ ಇದೆ. ಇಇ25 ತರಿಸೋಕೆ ಹೇಳಿದ್ದೇನೆ. ಅಷ್ಟರಲ್ಲಿ ಕಂಪ್ಯೂಟರ್ ಎಸ್‌ಎಂಪಿಎಸ್‌ನ ಹಳದಿ ಬಿಳಿ ರಿಂಗ್ ಒಂದು ಸಿಕ್ಕಿತು, ಹೊರವ್ಯಾಸ 27 ಮಿಮೀ. 27 ಸುತ್ತು ಹಾಕಿದರೆ 68 ಬಂತು. ಅದರ ಗೆರೆಯಲ್ಲಿ ತಿರುವೇ ಇಲ್ಲ! ಶುರುವಿನಲ್ಲಿ ಮೈಕ್ರೋಸೆಕೆಂಡಿಗೆ 0.18 ಆಂಪ್, 6 ಆಂಪ್ ಹತ್ತಿರ 0.25. ಸುಮ್ನೆ ಮೆಲ್ಲಗೆ ಕಡಿದಾಗುತ್ತಾ ಹೋಗುತ್ತದೆ. ಇದರ ಸ್ಯಾಚುರೇಶನ್ ಕರೆಂಟ್ ಎಷ್ಟು ಅಂತ ಬರೆದುಕೊಳ್ಳಲಿ?

ಚಿಕ್ಕಮಗಳೂರಿನ ಲ್ಯಾಬ್‌ನವರು

ಅದು ಕಬ್ಬಿಣದ ಪುಡಿಯ ಕೋರ್. ಕಣಗಳ ಮಧ್ಯೆ ಸಣ್ಣ ಸಣ್ಣ ಗ್ಯಾಪ್ ಎಲ್ಲಾ ಕಡೆ ಹಂಚಿಕೊಂಡಿರುತ್ತದೆ, ಅದಕ್ಕೇ ಒಂದೇ ಸಲ ತುಂಬಲ್ಲ. ಇಂಥದ್ದಕ್ಕೆ ಒಂದು ಆಂಪ್ ಬರೆಯಬೇಕು ಅಂದರೆ ಹೆನ್ರಿ ಎಷ್ಟು ಬಿದ್ದಾಗ ಅಂತಲೂ ಬರೆಯಬೇಕು. ತಯಾರಕರಲ್ಲೇ ಒಮ್ಮತ ಇಲ್ಲ. ಕೆಲವರು 10 ಶೇಕಡಾ ಬಿದ್ದಾಗ ಅಂತಾರೆ, ಕೆಲವರು 20, ಕೆಲವರು 30. ಒಂದೇ ಕಾಯಿಲ್‌ಗೆ ಮೂರು ಅಂಕಿ ಬರುತ್ತದೆ. ಅಂಗಡಿಯಲ್ಲಿ ಎರಡು ಕಂಪನಿಯ ಇಂಡಕ್ಟರ್ ಹೋಲಿಸುವಾಗ ಮೊದಲು ಈ ಶೇಕಡಾ ನೋಡಿ, ಆಮೇಲೆ ಆಂಪ್.

ನಿಮ್ಮದು 6 ಆಂಪ್‌ನಲ್ಲಿ ಸುಮಾರು 30 ಶೇಕಡಾ ಬಿದ್ದಿದೆ, ಉಳಿದಿರೋದು 48 ಮೈಕ್ರೋಹೆನ್ರಿ. ಅದಕ್ಕೆ ರಿಪಲ್ 2.5 ಆಂಪ್, ಪೀಕ್ 6.3 ಆಗುತ್ತದೆ. ನಿಮ್ಮ ಮಾಸ್‌ಫೆಟ್, ಔಟ್‌ಪುಟ್ ಕೆಪಾಸಿಟರ್ ಇಷ್ಟನ್ನು ತಡೆದರೆ ಧಾರಾಳವಾಗಿ ಬಳಸಿ. ಸ್ಯಾಚುರೇಶನ್ ಅನ್ನೋದು ಇಲ್ಲಿ ನೀವು ಎಷ್ಟು ಕುಸಿತ ಒಪ್ಪುತ್ತೀರಿ ಅನ್ನೋದರ ಮೇಲೆ ನಿಂತಿದೆ. ಫೆರೈಟ್‌ನಲ್ಲಿ ಆ ಚೌಕಾಸಿಗೆ ಜಾಗ ಇಲ್ಲ, ಪೀಕ್‌ಗಿಂತ 20, 30 ಶೇಕಡಾ ಮೇಲೆ ಮಿತಿ ಇರಲೇಬೇಕು.

ಹಾಸನದವರು

ಒಂದು ಸೇರಿಸುತ್ತೇನೆ. ಫೆರೈಟ್‌ನ ಮಿತಿ ಬಿಸಿಯಾದರೆ ಇಳಿಯುತ್ತದೆ. 25 ಡಿಗ್ರಿಯಲ್ಲಿ 0.49 ಟೆಸ್ಲಾ ಇರುವ ಎನ್87 ಥರದ ಫೆರೈಟ್ 100 ಡಿಗ್ರಿಗೆ 0.39. ಬೆಳಗ್ಗೆ ಟೇಬಲ್ ಮೇಲೆ ತಣ್ಣಗೆ ಅಳೆದ ಅಂಕಿಯನ್ನು ಮುಚ್ಚಿದ ಡಬ್ಬಿಯೊಳಗೆ ನಂಬಬೇಡಿ. ಇಇ25 ಬಂದ ಮೇಲೆ ಹೇರ್ ಡ್ರೈಯರ್‌ನಿಂದ ಚೆನ್ನಾಗಿ ಬಿಸಿ ಮಾಡಿ, ಅದೇ ಪಲ್ಸ್ ಇನ್ನೊಂದು ಸಲ ಕೊಡಿ. ತಿರುವು 7.5 ಆಂಪ್‌ಗಿಂತ ಕೆಳಗೆ ಬಂದರೆ ಇನ್ನೊಂದೆರಡು ಸುತ್ತು ಹಾಕಿ, 68 ವಾಪಸ್ ಬರುವಷ್ಟು ಕಾಗದವನ್ನೂ ಏರಿಸಿ. ನಾನು ಮೊದಲು ಸುತ್ತು ಹಾಕಬೇಡಿ ಅಂದದ್ದು ಗ್ಯಾಪ್ ಇಲ್ಲದ ರಿಂಗ್‌ಗೆ. ಇಲ್ಲಿ ಹೆನ್ರಿ ಅಷ್ಟೇ ಉಳಿದರೆ ಸುತ್ತು ಏರಿದಷ್ಟೂ ಮಿತಿ ಏರುತ್ತದೆ.

ಹಳದಿ ಬಿಳಿ ರಿಂಗ್‌ಗೆ ಬೇರೆ ತೊಂದರೆ. ವರ್ಷಗಟ್ಟಲೆ ಬಿಸಿಯಲ್ಲಿದ್ದರೆ ಒಳಗಿನ ಅಂಟು ಹಾಳಾಗಿ ಕೋರ್ ನಷ್ಟ ಏರುತ್ತದೆ, ನಷ್ಟ ಏರಿದರೆ ಬಿಸಿ ಇನ್ನೂ ಏರುತ್ತದೆ. ನಿಮ್ಮ 50 ಕಿಲೋಹರ್ಟ್ಸ್‌ಗೆ ಸದ್ಯಕ್ಕೆ ನಡೆಯುತ್ತದೆ, ಮೂರು ಗಂಟೆ ಪೂರ್ತಿ ಲೋಡ್‌ನಲ್ಲಿ ಓಡಿಸಿ ಮುಟ್ಟಿ ನೋಡಿ. ಬೆರಳು ಇಡೋಕಾಗದಿದ್ದರೆ ಅದನ್ನು ಡಬ್ಬಿಯೊಳಗೆ ಮುಚ್ಚಬೇಡಿ.