ಮ್ಯಾಗ್ನಸ್ ಕಾರ್ಲ್‌ಸೆನ್ ಅಪ್ಪನ ಹೆಸರು ಕಾರ್ಲ್ ಅಲ್ವಲ್ಲಾ, ಮತ್ತೆ ಈ ಅಡ್ಡಹೆಸರು ಎಲ್ಲಿಂದ ಬಂತು?

ಉಳ್ಳಾಗಡ್ಡಿ_ಹುಬ್ಬಳ್ಳಿ

ಎಲ್ಲರಿಗೂ ನಮಸ್ಕಾರ. ನನಗೆ ಚೆಸ್ ನೋಡುವ ಹುಚ್ಚು. ಕಾರ್ಲ್‌ಸೆನ್ ಅಂದರೆ ಕಾರ್ಲನ ಮಗ ಅಂತ ಒಂದು ಕಾಮೆಂಟರಿಯಲ್ಲಿ ಕೇಳಿದೆ. ಸುಮ್ನೆ ಹುಡುಕಿ ನೋಡಿದರೆ ಅವರಪ್ಪನ ಹೆಸರು ಹೆನ್ರಿಕ್! ಹಾಗಾದರೆ ಈ ಕಾರ್ಲ್ ಯಾರು?

ಇನ್ನೊಂದು. ನಮ್ಮ ಆಫೀಸಿನವರು ಸ್ಟಾಕ್‌ಹೋಮ್ ಟೀಮಿನ ಜೊತೆ ಕೆಲಸ ಮಾಡುತ್ತೇವೆ. ಒಂದೇ ಮೇಲ್‌ನಲ್ಲಿ ಮೂರು ಜನ ಆಂಡರ್ಸನ್, ಒಬ್ಬ ಲಿಂಡ್‌ಕ್ವಿಸ್ಟ್, ಒಬ್ಬಳು ಬೆರ್ಗ್‌ಸ್ಟ್ರೋಮ್, ಒಬ್ಬ ರಾಸ್ಕ್. ಮೂವರು ಆಂಡರ್ಸನ್‌ಗಳೂ ಒಬ್ಬರಿಗೊಬ್ಬರು ಸಂಬಂಧವೇ ಇಲ್ಲವಂತೆ. ನಮ್ಮ ಕಡೆ ಅಡ್ಡಹೆಸರು ಕೇಳಿದರೆ ಊರೋ ಕಸುಬೋ ಏನೋ ಒಂದು ಗೊತ್ತಾಗುತ್ತೆ. ಬಡಿಗೇರ, ಕಮ್ಮಾರ, ಅಂಗಡಿ, ಮೆಣಸಿನಕಾಯಿ. ನಮ್ಮದು ಉಳ್ಳಾಗಡ್ಡಿ, ಮುತ್ತಜ್ಜ ಅದರ ವ್ಯಾಪಾರ ಮಾಡುತ್ತಿದ್ದರಂತೆ. ಅಲ್ಲಿನವರದ್ದು ಯಾವ ಲೆಕ್ಕ? ಗೊತ್ತಿದ್ದವರು ಸ್ವಲ್ಪ ಬಿಡಿಸಿ ಹೇಳಿ.

ಸಾಗರದಾಕೆ_ಉಪ್ಸಾಲಾ

ಕಾರ್ಲ್ ಅಂದರೆ ಆ ಮನೆತನದಲ್ಲಿ ಹಿಂದೆ ಎಂದೋ ಇದ್ದ ಒಬ್ಬ ಅಜ್ಜ. ಅವನ ಮಗ ನಿಜವಾಗಿಯೂ ಕಾರ್ಲ್‌ಸೆನ್. ಆಮೇಲೆ ಹೆಸರು ಅಲ್ಲೇ ನಿಂತುಬಿಟ್ಟಿತು.

ಮೊದಲು ಹೀಗೆ ನಿಲ್ಲುತ್ತಿರಲಿಲ್ಲ. ಆಂಡರ್ಸ್ ಎಂಬವನ ಮಗ ಲಾರ್ಸ್ ಆದರೆ ಅವನು ಲಾರ್ಸ್ ಆಂಡರ್ಸನ್. ಆ ಲಾರ್ಸನ ಮಗ ಎರಿಕ್ ಆದರೆ ಎರಿಕ್ ಲಾರ್ಸನ್. ಎರಿಕ್‌ನ ತಂಗಿ ಲಾರ್ಸ್‌ಡಾಟರ್, ಮದುವೆಯಾದ ಮೇಲೂ ಅದೇ. ನಮ್ಮ ಇನಿಷಿಯಲ್ ಪದ್ಧತಿಯ ಥರ, ತಲೆಮಾರಿಗೊಮ್ಮೆ ಬದಲು. ಲೆಕ್ಕ ಇಡುವ ಸರ್ಕಾರಕ್ಕೆ ಇದು ತಲೆನೋವು. ಡೆನ್ಮಾರ್ಕ್ 1828ರಲ್ಲೇ ಮನೆತನಕ್ಕೊಂದು ಖಾಯಂ ಹೆಸರಿರಲಿ ಅಂತ ಆದೇಶ ಹೊರಡಿಸಿತು. ಹಳ್ಳಿಯವರು ಬಹಳ ವರ್ಷ ಅದನ್ನು ಕಿವಿಗೇ ಹಾಕಿಕೊಳ್ಳಲಿಲ್ಲ. ಸ್ವೀಡನ್‌ನಲ್ಲಿ 1901, ನಾರ್ವೆಯಲ್ಲಿ 1923ರ ಕಾನೂನು. ಅಷ್ಟು ಹೊತ್ತಿಗೆ ಯಾರ ಬಳಿ ಯಾವ ಹೆಸರಿತ್ತೋ ಅದೇ ಗಟ್ಟಿ. ನಿಮ್ಮ ಮೂವರು ಆಂಡರ್ಸನ್‌ಗಳು ಬೇರೆ ಬೇರೆ ಊರಿನ ಬೇರೆ ಬೇರೆ ಆಂಡರ್ಸ್‌ಗಳ ಪೈಕಿ, ಅಷ್ಟೇ. ಅಂದಹಾಗೆ ಕೊನೆಯಲ್ಲಿ ‘ಸೆನ್’ ಇದ್ದರೆ ಹೆಚ್ಚಾಗಿ ಡೆನ್ಮಾರ್ಕ್ ಅಥವಾ ನಾರ್ವೆ, ‘ಸನ್’ ಇದ್ದರೆ ಸ್ವೀಡನ್.

ಇದು ನನಗೆ ಸರಿಯಾಗಿ ತಲೆಗೆ ಹತ್ತಿದ್ದು ಸ್ವೀಡನ್ನಿನ ಉಪ್ಸಾಲಾದಲ್ಲಿರುವ ನಮ್ಮ ಅಪಾರ್ಟ್‌ಮೆಂಟಿನ ಕೆಳಬಾಗಿಲಲ್ಲಿ. ಇಲ್ಲಿ ಮೆಟ್ಟಿಲ ಹತ್ತಿರ ಒಂದು ಕರಿ ಹಲಗೆ ಇರುತ್ತೆ. ಬಿಳಿ ಪ್ಲಾಸ್ಟಿಕ್ ಅಕ್ಷರ ಸಿಕ್ಕಿಸಿ ಯಾವ ಮಹಡಿಯಲ್ಲಿ ಯಾರು ಅಂತ ಬರೆದಿರುತ್ತಾರೆ, ಬರೀ ಅಡ್ಡಹೆಸರು. ನನ್ನ ಪಾಸ್‌ಪೋರ್ಟಿನಲ್ಲಿ ಆ ಜಾಗದಲ್ಲಿ ಅಪ್ಪನ ಹೆಸರು ಹಾಕಿಸಿದ್ದೆವು. ಹಾಗಾಗಿ ಮೂರನೇ ಮಹಡಿಯಲ್ಲಿ ಲುಂಡ್‌ಗ್ರೇನ್, ನ್ಯೂಬೆರ್ಗ್, ಮಂಜಪ್ಪ. ಸಾಗರದ ತೋಟ ಬಿಟ್ಟು ಎರಡು ದಿನ ಎಲ್ಲೂ ನಿಲ್ಲದ ಮನುಷ್ಯ ನಮ್ಮಪ್ಪ! ಇಲ್ಲೇ ಹುಟ್ಟಿದ ನನ್ನ ಮಗನಿಗೂ ಅದೇ ಬಂತು. ಮುಂದೆ ಅವನ ಮಕ್ಕಳೂ ಮಂಜಪ್ಪಗಳೇ. ಕಾರ್ಲ್ ಕಥೆಯೂ ಇದೇ.

ಈಗ ನಿಮ್ಮ ಹೀರೋ ವಿಷಯ. ಪೂರ್ತಿ ಹೆಸರು ಸ್ವೆನ್ ಮ್ಯಾಗ್ನಸ್ ಓಯೆನ್ ಕಾರ್ಲ್‌ಸೆನ್. ಸ್ವೆನ್ ಅಂದರೆ ಹುಡುಗ, ಪ್ರಾಯದವನು. ಓಯೆನ್ ತಾಯಿಯ ಕಡೆಯದು, ‘ದ್ವೀಪ’ ಅಂತ ಅರ್ಥ. ನಾರ್ವೆಯಲ್ಲಿ ಜಮೀನಿನ ಹೆಸರೇ ಮನುಷ್ಯರ ಹೆಸರಾಗುವುದು ಜಾಸ್ತಿ: ಬಕ್ಕೆ ಅಂದರೆ ಗುಡ್ಡ, ಹೌಗೆನ್ ಅಂದರೆ ದಿಬ್ಬ, ಡಾಲ್ ಅಂದರೆ ಕಣಿವೆ. ಹಿಂದೆ ಆ ಜಮೀನು ಬಿಟ್ಟು ಬೇರೆ ಕಡೆ ಒಕ್ಕಲು ಹೋದರೆ ಹೆಸರೂ ಬದಲಾಗುತ್ತಿತ್ತು.

ಮ್ಯಾಗ್ನಸ್ ಕಥೆ ಇನ್ನೂ ಚೆಂದ. ನಾರ್ವೆಯ ದೊರೆ ಓಲಾವ್ ಹರಾಲ್ಡ್‌ಸನ್‌ಗೆ ಒಂದು ರಾತ್ರಿ ಮಗು ಹುಟ್ಟಿತು. ಉಸಿರು ಉಳಿಯುತ್ತೋ ಇಲ್ಲವೋ ಅನ್ನುವಂಥ ಸ್ಥಿತಿ, ಪಾದ್ರಿಗೆ ತಕ್ಷಣ ಹೆಸರಿಡುವ ಆತುರ. ಮಲಗಿದ ದೊರೆಯನ್ನು ಎಬ್ಬಿಸಲು ಯಾರಿಗೂ ಧೈರ್ಯವಿಲ್ಲ. ಕೊನೆಗೆ ಆಸ್ಥಾನ ಕವಿ ಸಿಗ್ವಾಟ್ ತಾನೇ ಮ್ಯಾಗ್ನಸ್ ಅಂತ ಇಡಿಸಿದ. ಬೆಳಗ್ಗೆ ದೊರೆ ಕೆಂಡವಾದ, ನಮ್ಮ ವಂಶದಲ್ಲೇ ಇಲ್ಲದ ಹೆಸರು ಇದ್ಯಾಕೆ ಅಂತ. ಕಾರ್ಲ್ ಮ್ಯಾಗ್ನಸ್ ದೊರೆಯ ಹೆಸರಿಟ್ಟೆ, ಅವನಿಗಿಂತ ದೊಡ್ಡವರು ನನಗೆ ಗೊತ್ತಿಲ್ಲ ಅಂದ ಕವಿ. ನಾವು ಶಾರ್ಲಮೇನ್ ಅಂತ ಓದಿದ್ದೇವಲ್ಲ, ಆ ಚಕ್ರವರ್ತಿ. ಲ್ಯಾಟಿನ್‌ನಲ್ಲಿ ಮ್ಯಾಗ್ನಸ್ ಬರೀ ಬಿರುದು, ‘ಮಹಾ’ ಅಂತ. ಇಲ್ಲಿ ಅದೇ ಹೆಸರಾಗಿ ಕೂತಿತು. ಮಗು ಬದುಕಿ 1035ರಲ್ಲಿ ನಾರ್ವೆಗೆ, 1042ರಲ್ಲಿ ಡೆನ್ಮಾರ್ಕಿಗೂ ದೊರೆಯಾದ. ನಿಮ್ಮ ಚೆಸ್ ಆಟಗಾರನ ಹೆಸರಿನಲ್ಲಿ ಮ್ಯಾಗ್ನಸ್ಸೂ ಇದೆ, ಕಾರ್ಲೂ ಇದೆ ನೋಡಿ!

ಲಿಂಡ್‌ಕ್ವಿಸ್ಟ್, ಬೆರ್ಗ್‌ಸ್ಟ್ರೋಮ್ ಬೇರೆ ಜಾತಿಯವು. ‘ಮಗ’ ಬೇಡ ಅಂದ ಪಟ್ಟಣದ ಜನ 18ನೇ ಶತಮಾನದಿಂದ ಇಂಥವನ್ನು ಕಟ್ಟಿಕೊಳ್ಳತೊಡಗಿದರು. ಲಿಂಡ್ ಒಂದು ಮರ, ಕ್ವಿಸ್ಟ್ ಅಂದರೆ ರೆಂಬೆ. ಬೆರ್ಗ್ ಬೆಟ್ಟ, ಸ್ಟ್ರೋಮ್ ಹೊಳೆ. ಎರಡು ತುಂಡು ತೆಗೆದುಕೊಂಡು ಸೇರಿಸು ಅಷ್ಟೇ, ಅರ್ಥ ಕೂಡಲೇಬೇಕು ಅಂತೇನಿಲ್ಲ. ಶೋಗ್ರೇನ್ ಅಂದರೆ ‘ಸರೋವರ ಕೊಂಬೆ’. ಏನು ಕಲ್ಪಿಸಿಕೊಳ್ಳುತ್ತೀರೋ ನಿಮಗೆ ಬಿಟ್ಟಿದ್ದು. ಗಿಡಗಳಿಗೆಲ್ಲ ಹೆಸರಿಟ್ಟ ಲಿನೇಯಸ್ ಗೊತ್ತಲ್ಲ? ಅವನ ಅಪ್ಪ ನಿಲ್ಸ್ ಇಂಗೆಮಾರ್ಸನ್ ಲುಂಡ್ ವಿಶ್ವವಿದ್ಯಾಲಯಕ್ಕೆ ಸೇರುವಾಗ ಅಡ್ಡಹೆಸರು ಬೇಕಾಗಿ, ಮನೆತನದ ಜಮೀನಿನಲ್ಲಿದ್ದ ದೊಡ್ಡ ಲಿಂಡ್ ಮರದ ಮೇಲೆ ಲಿನೇಯಸ್ ಅಂತ ಲ್ಯಾಟಿನ್‌ನಲ್ಲಿ ಮಾಡಿಕೊಂಡ. ಮಗ ಮಲಗಿರುವುದು ನಮ್ಮೂರ ಕ್ಯಾಥೆಡ್ರಲ್‌ನಲ್ಲೇ.

ನಿಮ್ಮ ರಾಸ್ಕ್ ಸಿಪಾಯಿ ವಂಶದವನಿರಬಹುದು. 1682ರಿಂದ ಇಲ್ಲಿ ಕೆಲವು ಜಮೀನುಗಳು ಸೇರಿ ಒಬ್ಬ ಸಿಪಾಯಿಗೆ ಗುಡಿಸಲು, ತುಂಡು ಹೊಲ ಕೊಟ್ಟು ಸಾಕುವ ಏರ್ಪಾಡು ಇತ್ತು. ಒಂದೇ ದಳದಲ್ಲಿ ಹತ್ತಾರು ಆಂಡರ್ಸ್ ಆಂಡರ್ಸನ್‌ಗಳಿದ್ದರೆ ದಳಪತಿ ಯಾರನ್ನು ಅಂತ ಕರೆಯಬೇಕು? ಅದಕ್ಕೆ ಸೈನ್ಯವೇ ಚಿಕ್ಕ ಹೆಸರು ಕೊಡುತ್ತಿತ್ತು. ರಾಸ್ಕ್ ಅಂದರೆ ಚುರುಕು, ಮೂಡಿಗ್ ಅಂದರೆ ಧೈರ್ಯಸ್ಥ, ಶೋಲ್ಡ್ ಅಂದರೆ ಗುರಾಣಿ, ಡೋಲ್ಕ್ ಅಂದರೆ ಬಾಕು. ಅವನು ಸತ್ತರೆ ಆ ಗುಡಿಸಲಿಗೆ ಬರುವ ಮುಂದಿನವನಿಗೆ ಎಷ್ಟೋ ಸಲ ಅದೇ ಹೆಸರು. ಹಾಗಾಗಿ ರಾಸ್ಕ್‌ಗಳೆಲ್ಲ ಒಂದೇ ರಕ್ತ ಅಂತ ಹೇಳಲು ಬರುವುದಿಲ್ಲ.

ಕಸುಬಿನ ಹೆಸರು ಮಾತ್ರ ಇಲ್ಲಿ ಕಡಿಮೆ. ನಿಮ್ಮ ಕಮ್ಮಾರ ಯುರೋಪಿನ ಉಳಿದ ಕಡೆ ಬೇಕಾದಷ್ಟಿದ್ದಾನೆ: ಜರ್ಮನಿಯ ಶ್ಮಿಟ್, ಇಟಲಿಯ ಫೆರಾರಿ, ಹಂಗೇರಿಯ ಕೊವಾಚ್, ಪೋಲೆಂಡಿನ ಕೊವಾಲ್ಸ್ಕಿ, ರಷ್ಯಾದ ಕುಜ್ನೆತ್ಸೊವ್. ಉಳ್ಳಾಗಡ್ಡಿ ನಾನಂತೂ ಎಲ್ಲೂ ನೋಡಿಲ್ಲ.

ಬಿಜೈ_ಬಾಯಿ

ಅಷ್ಟು ದೂರ ಯಾಕೆ ಹೋಗ್ತೀರಿ ಮಾರಾಯ್ರೆ, ಮಂಗಳೂರಿಗೆ ಬನ್ನಿ. ನಾವು ರೊಡ್ರಿಗಸ್. ಕೊನೆಯ ‘ಎಸ್’ ಪೋರ್ಚುಗೀಸರ ‘ಮಗ’, ರೊಡ್ರಿಗೋನ ಮಗ. ಫೆರ್ನಾಂಡಿಸ್, ಗೊನ್ಸಾಲ್ವಿಸ್ ಎಲ್ಲ ಹಾಗೆಯೇ. ಮಜಾ ಏನು ಅಂದರೆ ರೊಡ್ರಿಗೋ ಲ್ಯಾಟಿನ್ ಹೆಸರಲ್ಲ. ಅರಬರು ಬರುವ ಮೊದಲು ಸ್ಪೇನ್, ಪೋರ್ಚುಗಲ್ ಆಳಿದ ಗೋಥ್ ಜನರದ್ದು, ಅವರ ಭಾಷೆ ಈ ಉತ್ತರದವರ ಭಾಷೆಗೆ ನೆಂಟ. ಅದರಲ್ಲಿರುವ ‘ರಿಕ್’ ಅಂದರೆ ಆಳುವವ. ಎರಿಕ್‌ನಲ್ಲಿರುವುದೂ ಅದೇ, ನಿಮ್ಮ ಕಾರ್ಲ್‌ಸೆನ್ ಅಪ್ಪ ಹೆನ್ರಿಕ್‌ನಲ್ಲಿರುವುದೂ ಅದೇ. ಗೊನ್ಸಾಲ್ವಿಸ್‌ನ ಮೊದಲ ತುಂಡು ‘ಯುದ್ಧ’, ಅದು ಗುನ್ನಾರ್‌ನಲ್ಲೂ ಇದೆ. ಲೋಬೋ ಅಂದರೆ ತೋಳ, ಸ್ವೀಡನ್ನಿನ ಉಲ್ಫ್ ಕೂಡ ತೋಳ.

ಹಾಗಂತ ನಾವು ಗೋಥರ ವಂಶ ಅಂತ ಎದೆ ಉಬ್ಬಿಸುವಂತಿಲ್ಲ. ನಮ್ಮ ಹಿಂದಿನವರಿಗೆ ಗೋವಾದಲ್ಲಿ ಕ್ರೈಸ್ತ ದೀಕ್ಷೆ ಕೊಡುವಾಗ ಪಾದ್ರಿಯದ್ದೋ ಧರ್ಮಪಿತನದ್ದೋ ಹೆಸರು ಬಂತು, ಅಷ್ಟೇ. ಪ್ರಭು, ಕಾಮತ್, ಪೈ ಅಂತ ಹಳೇ ಹೆಸರು ಇಂದಿಗೂ ನೆನಪಿಟ್ಟುಕೊಂಡ ಮನೆಗಳು ನಮ್ಮಲ್ಲಿ ಇವೆ. ಮದುವೆ ಮಾತುಕತೆಯಲ್ಲಿ ಮಾತ್ರ ಹೊರಗೆ ಬರುತ್ತೆ!

ಮತ್ತೆ ಲಾರ್ಸ್ ಯಾರು ಗೊತ್ತುಂಟಾ? ಲಾರೆನ್ಸ್. ಕಾರ್ಕಳದ ಅತ್ತೂರು ಜಾತ್ರೆಗೆ ಹೋಗ್ತೇವಲ್ಲ, ಆ ಸಂತರೇ. ಆಂಡರ್ಸ್ ಅಂದರೆ ಆಂಡ್ರ್ಯೂ, ನಿಲ್ಸ್ ಅಂದರೆ ನಿಕೋಲಸ್. ಉತ್ತರದವರು ಉದ್ದ ಹೆಸರನ್ನೆಲ್ಲ ಕತ್ತರಿಸಿ ಇಟ್ಟುಕೊಂಡಿದ್ದಾರೆ.

ಉಳ್ಳಾಗಡ್ಡಿ_ಹುಬ್ಬಳ್ಳಿ

ಅಕ್ಕಾ, ಬಾಯಿ, ಇಬ್ಬರಿಗೂ ಶರಣು. ಹಾಗಾದರೆ 2013ರಲ್ಲಿ ಚೆನ್ನೈನಲ್ಲಿ ವಿಶ್ವ ಚೆಸ್ ಪಟ್ಟಕ್ಕಾಗಿ ಎದುರುಬದುರು ಕೂತವರಲ್ಲಿ ಕಾರ್ಲ್‌ಸೆನ್ ಅಪ್ಪ ಕಾರ್ಲ್ ಅಲ್ಲ. ಆನಂದ್ ಅವರ ಅಪ್ಪನೇ ವಿಶ್ವನಾಥನ್, ಆದರೆ ಲೋಕವೆಲ್ಲ ಮಗನನ್ನೇ ‘ವಿಶಿ’ ಅಂತ ಕರೆಯುತ್ತೆ. ಒಳ್ಳೆ ಮಜಾ.

ಇನ್ನೊಂದೇ ಪ್ರಶ್ನೆ. ನಮ್ಮ ಅಕ್ಕನಿಗೆ ಮಗಳು ಹುಟ್ಟಿದ್ದಾಳೆ. ಭಾವನಿಗೆ ಮಗುವಿಗೆ ಆಸ್ಟ್ರಿಡ್ ಅಂತ ಇಡುವ ಆಸೆ. ಯಾವುದೋ ಸೈಟಿನಲ್ಲಿ ‘ದೈವಿಕ ಸೌಂದರ್ಯ’ ಅಂತ ಬರೆದಿದ್ದಾರಂತೆ. ನಿಜವಾ?

ಸಾಗರದಾಕೆ_ಉಪ್ಸಾಲಾ

ತುಂಡುಗಳು ಸರಿ: ‘ಆಸ್’ ಅಂದರೆ ದೇವರು, ‘ಫ್ರಿಡ್’ ಅಂದರೆ ಚೆಲುವೆ. ಸಿಗ್ರಿಡ್‌ನಲ್ಲಿ ಗೆಲುವು, ಚೆಲುವು. ಇಂಗ್ರಿಡ್‌ನಲ್ಲಿ ಇಂಗ್ ಎಂಬ ದೇವರು, ಮತ್ತದೇ ಚೆಲುವು. ಆದರೆ ಅವನ್ನು ಸಮಾಸ ಬಿಡಿಸಿದ ಹಾಗೆ ಓದಬಾರದು. ಹಿಂದಿನವರು ಅಜ್ಜನ ಹೆಸರಿನಿಂದ ಒಂದು ತುಂಡು, ಅತ್ತೆಯ ಹೆಸರಿನಿಂದ ಒಂದು ತುಂಡು ತೆಗೆದು ಮಗುವಿಗೆ ಜೋಡಿಸುತ್ತಿದ್ದರು. ಗುನ್‌ಹಿಲ್ಡ್ ಅಂತ ಹೆಸರಿದೆ. ಗುನ್ ಅಂದರೂ ಯುದ್ಧ, ಹಿಲ್ಡ್ ಅಂದರೂ ಯುದ್ಧ. ಸೈಟಿನವರು ಅದಕ್ಕೆ ಏನು ಬರೆದಿದ್ದಾರೋ ನೋಡಿ ಹೇಳಿ.

ಆಸ್ಟ್ರಿಡ್ ಇಲ್ಲಿ ಅಜ್ಜಿಯರಿಗೂ ಇದೆ, ಶಿಶುವಿಹಾರದ ಮಕ್ಕಳಿಗೂ ಇದೆ. ಧಾರಾಳವಾಗಿ ಇಡಿ. ಆಸ್ಟ್ರಿಡ್ ಉಳ್ಳಾಗಡ್ಡಿ ಆಗುತ್ತಾ, ಇಲ್ಲ ಭಾವನ ಮನೆತನದ್ದು ಬೇರೆಯಾ?

ಉಳ್ಳಾಗಡ್ಡಿ_ಹುಬ್ಬಳ್ಳಿ

ಭಾವ ಮೆಣಸಿನಕಾಯಿ.